ಚಿಲಕ

ಐವತ್ತೊಂದು ಸಿನೆಮಾಗಳಲ್ಲಿ ಬಾಗಿಲು ತೆರೆದಿದ್ದಾನೆ
ನಮ್ಮ ಲೋಕಯ್ಯ ಗುಜರನ್.
ಲೆಕ್ಕ ನನ್ನದು; ಅವನು ಇಟ್ಟವನಲ್ಲ.
ಬೆಲ್ಲು ಬಡಿಯುತ್ತದೆ, ಹೀರೋ ಮಂಚದಡಿಗೆ ನುಗ್ಗುತ್ತಾನೆ,
ಲುಂಗಿ ಎತ್ತಿ ಕಟ್ಟುತ್ತ ಇವನು ಬಂದು ಚಿಲಕ ತೆಗೆದು
"ಏರ್?" ಅನ್ನುತ್ತಾನೆ.
ಅಷ್ಟೆ. ಯಾರು ಎಂಬ ಒಂದೇ ಪದ, ತುಳುವಿನಲ್ಲಿ.
ಥಿಯೇಟರು ಕುಲುಕುತ್ತದೆ.

ಯಾಕೆ ಅಂತ ನನ್ನಲ್ಲಿ ಕೇಳಬೇಡಿ.
ಇಪ್ಪತ್ತಾರು ವರ್ಷ ನಾಟಕದ ಸೈಡ್‌ವಿಂಗಿನಲ್ಲಿ ಕೂತು
ಎಲ್ಲರಿಗೂ ಮಾತು ಹೇಳಿಕೊಟ್ಟವ ನಾನು:
ಟಾರ್ಚು, ಇನ್ನೂರು ಪುಟದ ಪುಸ್ತಕ, ಸೊಳ್ಳೆ.
ಅವನಿಗೊಬ್ಬನಿಗೆ ಹೇಳಿಕೊಡುವ ಪ್ರಸಂಗ ಬರಲಿಲ್ಲ.
ಒಂದು ಪದ ಯಾರು ಮರೆಯುತ್ತಾರೆ ಎನ್ನುತ್ತೀರಿ?
ದೊಡ್ಡ ದೊಡ್ಡವರು ಮರೆತದ್ದು ಉಂಟು.

ಹಗಲು ಬಂದರಿನ ಐಸ್ ಪ್ಲಾಂಟು.
ಗಡ್ಡೆಗಳನ್ನು ಕೊಕ್ಕೆಯಲ್ಲಿ ಎಳೆದು
ಪುಡಿ ಮಾಡುವ ಯಂತ್ರದ ಬಾಯಿಗೆ ಕೊಡುವುದು.
ಬೆರಳ ತುದಿ ಯಾವತ್ತೂ ಬಿಳಿ, ಸುಕ್ಕು.
ಮೇಕಪ್ಪಿನ ಯಾದವಣ್ಣ ಹೇಳುತ್ತಿದ್ದ,
"ಕೈಗೆ ಬೇಡ, ಅದು ಪೌಡರ್ ಹಾಕಿಕೊಂಡೇ ಬಂದಿದೆ."

ಮೊದಲ ವೇಷ ಸಿಕ್ಕಿದ್ದು ಇನ್ನೊಬ್ಬನ ಜ್ವರದಿಂದ.
ಉರ್ವಾ ಮೈದಾನದಲ್ಲಿ ಪರದೆ ಎಳೆಯುತ್ತಿದ್ದವನ ಕೈಗೆ
ಕೊಡೆ ಕೊಟ್ಟು ದೂಡಿದೆವು.
ಎಂಟು ಸಾಲು ಮಾತಿತ್ತು, ಒಂದೂ ಆಡಲಿಲ್ಲ.
ಎದುರಿಗೆ ತನ್ನ ಹೆಂಡತಿಯ ಪಾತ್ರದ ಗಂಡಸು
ಸೆರಗು ಸರಿಮಾಡುತ್ತ ನಿಂತಿದ್ದಾನೆ;
ಇವನು ಮೇಲಿಂದ ಕೆಳಗೆ ನೋಡಿ,
ನಿಜಕ್ಕೂ ಗೊತ್ತಾಗದೆ ಕೇಳಿದ:
"ಏರ್?"
ಮುಂದಿನ ಸಾಲಿನ ಹೆಂಗಸೊಬ್ಬಳು ನಗು ತಡೆಯಲಾರದೆ
ಮಗುವನ್ನು ಪಕ್ಕದವರ ಮಡಿಲಿಗೆ ದಾಟಿಸಿದಳು.

ಆಮೇಲೆ ಸಿನೆಮಾ ಬಂತು. ಹತ್ತೊಂಬತ್ತು ದಿನದ ಶೂಟಿಂಗು,
ಎಲ್ಲ ಕತೆಗೂ ಪಡೀಲಿನ ಅದೇ ಬಾಡಿಗೆ ಮನೆ.
ಬಾಗಿಲು ಒಮ್ಮೆ ನೀಲಿ, ಒಮ್ಮೆ ಹಸಿರು,
ಒಮ್ಮೆ ದುಬೈ ಸಾಹುಕಾರನದ್ದೆಂದು ಬಂಗಾರದ ಬಣ್ಣ.
ಮನೆಯ ಯಜಮಾನತಿ ಸೆವ್ರಿನ್ ಬಾಯಿ ಗೊಣಗುತ್ತಿದ್ದಳು:
"ನನ್ನ ಬಾಗಿಲನ್ನು ನನಗಿಂತ ಹೆಚ್ಚು ತೆರೆದವ ಇವ."
ಸಂಬಳ ಒಂದು ಕವರು. ಕೆಲವೊಮ್ಮೆ
"ಪಿಕ್ಚರ್ ಎದ್ದರೆ ಕೊಡುವ."
ಎದ್ದವು ಕೆಲವು. ಕವರು ಏಳಲಿಲ್ಲ.

ಒಂದು ಸಲ ಪೋಸ್ಟರಿನಲ್ಲಿ ಮುಖ ಬಂದಿತ್ತು,
ಹಂಪನಕಟ್ಟೆಯಲ್ಲಿ, ಕರೆಂಟು ವಯರಿನ ಹಿಂದೆ.
ಹೆಂಡತಿ ಕುಸುಮಾಳನ್ನು ಕರೆದುಕೊಂಡು ಹೋಗಿ ತೋರಿಸಿದ.
ತುಂಬ ಹೊತ್ತು ನೋಡಿದಳಂತೆ.
"ಕ್ಷೌರ ಮಾಡಿಸಬೇಕಿತ್ತು" ಎಂದಳಂತೆ.

ಇನ್ನೊಂದು ಹೇಳಬೇಕು, ಹೇಳಲು ಬರುವುದಿಲ್ಲ.
ಹೊಸ ಹುಡುಗನೊಬ್ಬ ಡೈರೆಕ್ಟರು ಇವನನ್ನು ಅಪ್ಪ ಮಾಡಿದ.
ಮಗ ಬೋಟಿಗೆ ಹೋಗಿದ್ದಾನೆ. ನಾಲ್ಕು ದಿನವಾಗಿದೆ.
ರಾತ್ರಿ ಯಾರೋ ಬಾಗಿಲು ತಟ್ಟುತ್ತಾರೆ.
ಲೋಕಯ್ಯ ಎದ್ದು, ಈ ಸಲ ಲುಂಗಿ ಎತ್ತಿ ಕಟ್ಟದೆ,
ಚಿಲಕದ ಮೇಲೆ ಕೈ ಇಟ್ಟು, ತೆಗೆಯದೆ,
"ಏರ್?"

ಥಿಯೇಟರು ಹೋ ಎಂದು ನಕ್ಕಿತು.
ಸೀಟಿ. ಬಾಲ್ಕನಿಯಿಂದ ಯಾರೋ ಅವನ ಹಾಗೆಯೇ ಕೂಗಿದರು.
ಡೈರೆಕ್ಟರು ಹುಡುಗ ಎದ್ದು ಹೊರಗೆ ಹೋದ.
ನನ್ನ ಪಕ್ಕ ಕಡಲೆ ಬಿಡಿಸುತ್ತ ಕೂತಿದ್ದ ಲೋಕಯ್ಯ
ಮೆಲ್ಲ ಹೇಳಿದ: "ನಗಲಿ ಮಾರಾಯ.
ಹೊರಗೆ ನಿಂತದ್ದು ಯಾರು ಅಂತ
ಅವರಿಗೆ ಇನ್ನೂ ಗೊತ್ತಿಲ್ಲ ಅಲ್ವಾ."
ಪರದೆಯ ಮೇಲೆ ಚಿಲಕ ಸರಿಯಿತು.
ನಗು ಎಲ್ಲಿ ನಿಂತಿತೆಂದು ನನಗೆ ಸರಿಯಾಗಿ ನೆನಪಿಲ್ಲ;
ಒಟ್ಟಿಗೇ ನಿಲ್ಲಲಿಲ್ಲ,
ಹಿಂದಿನ ಸಾಲಿನ ಒಬ್ಬ ಕೊನೆಯವರೆಗೂ ನಗುತ್ತಿದ್ದ.

ಐಸ್ ಪ್ಲಾಂಟು ಮುಚ್ಚಿದೆ. ಸಿನೆಮಾದವರು ಈಗ
ಬಾಗಿಲಿಗೆ ಕ್ಯಾಮೆರಾ ಇಡುತ್ತಾರೆ, ಕೇಳುವುದಕ್ಕೆ ಜನ ಬೇಡ.
ಭಾನುವಾರ ಬೊಕ್ಕಪಟ್ಣದ ಅವನ ಮನೆಗೆ ಹೋಗುತ್ತೇನೆ.
ಬೆಲ್ಲು ಇಲ್ಲ. ಬಾಗಿಲು ತೆರೆದೇ ಇರುತ್ತದೆ.
ನನ್ನ ಎಡಗಾಲು ಎಳೆಯುವ ಸದ್ದಿಗೆ ಒಳಗಿನಿಂದಲೇ,
ಬಂಗುಡೆ ಉಜ್ಜುತ್ತಿದ್ದವ ತಲೆ ಎತ್ತದೆ,
"ಬಾ. ಚಪ್ಪಲಿ ಒಳಗೆ ಇಡು, ನಾಯಿ ಉಂಟು."