ಎರಡು ಸುಳಿ

ಕುರ್ಚಿಯಲ್ಲಿ ಕೂತ ಕೂಡಲೇ ಕಣ್ಣು ಮುಚ್ಚುತ್ತಾನೆ ಎವಾರಿಸ್ತೊ.
ಎದುರಿನ ಕನ್ನಡಿ ಅವನಿಗೆ ಬೇಡ.
ಮೂವತ್ತೆರಡು ವರ್ಷದಿಂದ ನನ್ನ ಕತ್ತರಿಗೆ ಗುರುತು
ನೆತ್ತಿಯ ಮೇಲಿನ ಆ ಎರಡು ಸುಳಿ,
ಒಂದು ಬಲಕ್ಕೆ, ಒಂದು ಎಡಕ್ಕೆ,
ನಡುವೆ ಯಾವ ಎಣ್ಣೆಗೂ ಬಗ್ಗದ ಜುಟ್ಟು.
ಆ ಜುಟ್ಟಿನಿಂದಲೇ ಆದದ್ದು ಎಲ್ಲ.

ರೋಮಿನಿಂದ ಸಿನಿಮಾದವರ ಲಾರಿ ಬಂದಾಗ ಅವನಿಗೆ ಒಂಬತ್ತು.
ಕೊಮಾಕ್ಕಿಯೊದ ಕಾಲುವೆ ಮೆಟ್ಟಿಲ ಮೇಲೆ
ಹಾವುಮೀನಿನ ಬುಟ್ಟಿಗೆ ಕಾವಲು ಕೂತಿದ್ದ.
ನಿರ್ದೇಶಕ ಬಗ್ಗಿ, ಮುಖವನ್ನಲ್ಲ,
ನೆತ್ತಿಯನ್ನು ನೋಡಿ "ಇವನೇ" ಅಂದನಂತೆ.
ಅಪ್ಪ ಕೇಳಿದ್ದು ಒಂದೇ: ದಿನಕ್ಕೆ ಎಷ್ಟು ಲಿರಾ?

ಇಪ್ಪತ್ತಾರು ದಿನ.
ಹರಕು ಅಂಗಿ ಕೂಡ ಅವರೇ ಕೊಟ್ಟದ್ದು,
ಇವನದು ಸಾಕಷ್ಟು ಹರಿದಿರಲಿಲ್ಲವಂತೆ.
ಸತ್ತ ತಾಯಿಯನ್ನು ನೆನೆದು ಅಳಬೇಕು.
ತಾಯಿ ಅಲ್ಲೇ ಹಗ್ಗದ ಆಚೆ
ಬುತ್ತಿ ಹಿಡಿದು ನಿಂತಿದ್ದಾಳೆ,
ಅವಳನ್ನು ಕಂಡರೆ ಇವನಿಗೆ ನಗು.
ಕೊನೆಗೆ ಈರುಳ್ಳಿ ಹೆಚ್ಚಿ ಕಣ್ಣಿಗೆ ಹಿಡಿದರು.
ಹೆಚ್ಚಿಕೊಟ್ಟವಳೂ ಅವಳೇ.

ಮಾತು ಮಾತ್ರ ಅವನದಲ್ಲ.
ನಮ್ಮ ಜೌಗಿನ ಭಾಷೆ ಹೊರಗಿನವರಿಗೆ ತಿಳಿಯದು ಅಂತ
ಅಲ್ಲಿನ ಯಾರೋ ಹುಡುಗಿ, ಇಯೋಲೆ ಅಂತ,
ಕತ್ತಲ ಕೋಣೆಯಲ್ಲಿ ಪರದೆ ನೋಡುತ್ತ
ಅವನ ತುಟಿಗೆ ತನ್ನ ದನಿ ತೊಡಿಸಿದಳು.
ಚರ್ಚಿನ ಹಜಾರದಲ್ಲಿ ಚಿತ್ರ ಹಾಕಿದ ರಾತ್ರಿ
ಊರೆಲ್ಲ ಚಪ್ಪಾಳೆ. ಅಜ್ಜಿ ಒಬ್ಬಳು
"ಮಗುವಿನ ಮೈಮೇಲೆ ಬಂದಿರುವುದು ಯಾರು?" ಎಂದು
ಎದೆಯ ಮೇಲೆ ಶಿಲುಬೆ ಬರೆದುಕೊಂಡಳು.

ಆಮೇಲೆ ಇನ್ನೆರಡು ಚಿತ್ರ.
ಒಂದರಲ್ಲಿ ಗಂಟೆ ಬಾರಿಸುವ ಹುಡುಗ,
ಇನ್ನೊಂದರಲ್ಲಿ ಬರೀ ಬೆನ್ನು.
ಹದಿಮೂರಕ್ಕೆ ಮೀಸೆ ಚಿಗುರಿತು, ಕಾಗದ ನಿಂತಿತು.
ಅಮ್ಮ ಇನ್ನೂ ಒಂದು ವರ್ಷ ಅಂಚೆಯವನ ದಾರಿ ಕಾದಳು.
ದುಡ್ಡು ಏನಾಯಿತು ಅಂದರೆ ಲೆಕ್ಕ ಒಪ್ಪಿಸುತ್ತಾನೆ:
ಒಂದು ದೋಣಿ, ಅಕ್ಕನ ಮದುವೆಯ ಮಂಚ,
ಅಪ್ಪನಿಗೆ ನಾಲ್ಕು ಹಲ್ಲು.

ಪಂಪುಮನೆಯಲ್ಲಿ ನಲವತ್ತು ವರ್ಷ.
ಬೆಳಗ್ಗೆ ಒಮ್ಮೆ, ಸಂಜೆ ಒಮ್ಮೆ
ಕಡತದಲ್ಲಿ ನೀರಿನ ಮಟ್ಟ ಬರೆಯುವ ಕೆಲಸ.
ಚಿತ್ರದಲ್ಲಿ ಅವನು ಹುಟ್ಟು ಹಾಕುವ ಆ ಹಿನ್ನೀರು
ಈಗ ಗೋಧಿ ಹೊಲ, ದಿಗಂತದವರೆಗೆ.
ಆ ನೀರನ್ನು ಎತ್ತಿ ಕಡಲಿಗೆ ಚೆಲ್ಲಿದ್ದೂ ಅವನೇ,
ಸಂಬಳಕ್ಕೆ.

ಅಪ್ಪ ಸತ್ತ ದಿನ ಊರೆಲ್ಲ ಇವನ ಮುಖ ನೋಡಿತು.
ಅತ್ತರೆ ನಟನೆ.
ಅಳದಿದ್ದರೆ, ನೋಡಿ, ಕಾಸು ಕೊಟ್ಟರೆ ಮಾತ್ರ ಅಳುತ್ತಾನೆ.
ಅವನು ಎದ್ದು ಹೋಗಿ
ದೋಣಿಯಲ್ಲಿ ನಿಂತ ಮಳೆನೀರು ತೋಡಿದ,
ತೋಡುವುದಕ್ಕೆ ಏನೂ ಉಳಿಯದ ಮೇಲೂ.

ಎರಡು ಸುಳಿಯವನಿಗೆ ಎರಡು ಬಾಳು ಅನ್ನುತ್ತಿದ್ದ ನನ್ನಪ್ಪ.
ಅವನೂ ಕ್ಷೌರಿಕ,
ಗಿರಾಕಿಗೆ ಹಿತವಾಗುವುದನ್ನೇ ಹೇಳುತ್ತಿದ್ದ.

ಹೋದ ಮಾರ್ಚಿನ ಒಂದು ಗುರುವಾರ
ಅಂಗಡಿಯ ಫೋನು. ಮುದಿ ಹೆಂಗಸಿನ ದನಿ:
"ಫೊಲೆಗಾತ್ತಿ ಎವಾರಿಸ್ತೊ ಇಲ್ಲಿ ಸಿಗುತ್ತಾರಂತೆ.
ನಾನು ಇಯೋಲೆ."
ಅರ್ಧ ಗಡ್ಡ ಹೆರೆದಿತ್ತು, ಅರ್ಧಕ್ಕೆ ನೊರೆ.
ರಿಸೀವರು ಕಿವಿಗೆ ಒತ್ತಿ ಅವನು ತುಂಬ ಹೊತ್ತು ಕೇಳಿದ.
ಅಷ್ಟು ಜೋರಾಗಿ ಮಾತಾಡುವವಳು, ನನಗೂ ಕೇಳಿಸಿತು:
"ಹನ್ನೊಂದು ದಿನ ನಿಮ್ಮ ತುಟಿ ನೋಡಿದ್ದೇನೆ,
ಮುಂದಿನ ಎರಡು ಹಲ್ಲಿನ ನಡುವಿನ ಸಂದು ಕೂಡ ಗೊತ್ತು.
ನಿಮ್ಮ ದನಿ ಒಂದು ಸಲವೂ ಕೇಳಿಲ್ಲ.
ಏನಾದರೂ ಹೇಳಿ."

ಅವನು ನನ್ನ ಕಡೆ ನೋಡಿದ, ಗೊತ್ತಿದ್ದರೆ ನೀನು ಹೇಳು ಅನ್ನುವ ಹಾಗೆ.
ಗಂಟಲು ಸರಿಮಾಡಿಕೊಂಡ.
ಆಮೇಲೆ ನಮ್ಮ ಜೌಗಿನ ಭಾಷೆಯಲ್ಲಿ,
ಒಂದೊಂದೇ ಮಾತು ಬಿಡಿಸಿ:
"ಇವತ್ತು ಬೆಳಗ್ಗೆ ನೀರು
ಒಂದು ಮೀಟರು ಹನ್ನೆರಡು."

ಆ ಕಡೆ ಏನಾಯಿತೋ, ನನಗೆ ಕೇಳಲಿಲ್ಲ.
ಫೋನಿಗೆ ಮೆತ್ತಿದ ನೊರೆಯನ್ನು ತೋಳಿನಿಂದ ಒರೆಸಿ ಇಟ್ಟ.
ಬಂದು ಕೂತ.
"ಸುಳ್ಳು ಹೇಳಿದೆ," ಅಂದ,
"ಇವತ್ತಿನದು ನಾನು ನೋಡೇ ಇಲ್ಲ."