ಚಿಲಕ

ಒಟ್ಟು ಬಜೆಟ್ಟು ಹನ್ನೊಂದು ಸಾವಿರದ ಇನ್ನೂರು.
ಅದರಲ್ಲಿ ನಾಲ್ಕು ಸಾವಿರ ಹಾಲೇಶನ ಚೀಟಿ ದುಡ್ಡು,
ಗೋಪಿ ಸರ್ಕಲ್ಲಿನ ಮೊಬೈಲ್ ಅಂಗಡಿಯಲ್ಲಿ
ಸ್ಕ್ರೀನ್ ಗಾರ್ಡ್ ಅಂಟಿಸಿ ಅಂಟಿಸಿ ಕೂಡಿಟ್ಟಿದ್ದು.

ದೆವ್ವ ನಮ್ಮ ಡೊಮಿನಿಕ್. ದುರ್ಗಿಗುಡಿಯ ಟೈಲರ್ ರುಬೀನಾ
ಬಾಡಿಗೆ ಬೇಡ, ಕಲೆ ಮಾಡ್ಬೇಡಿ ಅಷ್ಟೆ ಎಂದು ಕೊಟ್ಟ ಬಿಳಿ ನೈಟಿ
ಅವನ ಮೊಣಕಾಲಿಗೇ ಮುಗಿಯಿತು.
ರಕ್ತಕ್ಕೆ ಬೀಟ್‌ರೂಟು, ಬೆಲ್ಲದ ಪಾಕ. ಎರಡನೇ ಟೇಕಿಗೆ
ಇರುವೆ ಹತ್ತಿ ದೆವ್ವ ಅಯ್ಯಯ್ಯೋ ಎಂದು ಕುಣಿದದ್ದು
ಫೋನಿನಲ್ಲಿ ಇನ್ನೂ ಇದೆ.

ನನ್ನದು ಶಬ್ದ.
ಕಂಬಳಿಯೊಳಗೆ ಕೂತು ಉಸಿರೆಳೆದೆ, ತೆಂಗಿನ ಚಿಪ್ಪು ಉಜ್ಜಿದೆ,
ಹಳೇ ಬೀರುವಿನ ಬಾಗಿಲನ್ನು ಇಪ್ಪತ್ತು ಸಲ ನರಳಿಸಿದೆ.
"ಕಿವಿಗೆ ಬೀಳ್ಬೇಕು ಕಣೇ, ಕಣ್ಣಿಗೆ ಸಿಗಬಾರ್ದು," ಎಂದ ಹಾಲೇಶ,
"ಯಾರು, ಎಲ್ಲಿಂದ ಅಂತ ಗೊತ್ತೇ ಆಗಬಾರ್ದು."

ಅಂಥದ್ದು ನಮ್ಮನೆಯಲ್ಲೇ ಇತ್ತು.
ರಾತ್ರಿ ಮೂರರ ಹೊತ್ತಿಗೆ ನಿದ್ದೆಯಲ್ಲೇ ಅಮ್ಮ ಕೇಳುವ ಒಂದೇ ಮಾತು:
ಬಾಗ್ಲು ಹಾಕಿದೀಯಾ?
ಅಂಗನವಾಡಿಯಲ್ಲಿ ಮೂವತ್ತು ಮಕ್ಕಳನ್ನು ಗದರುವ ದನಿಯಲ್ಲ ಅದು.
ಎಂಟು ವರ್ಷದ ಯಾರದೋ.
ದಿಂಬಿನ ಪಕ್ಕ ಫೋನಿಟ್ಟು
ಕಳ್ಳಿಯ ಹಾಗೆ ಹಿಡಿದುಕೊಂಡೆ.

ವಿನೋಬನಗರದ ಟ್ಯೂಷನ್ ಹಾಲು. ಗೋಡೆಗೆ ಬೆಡ್‌ಶೀಟು,
ಬೆಂಚುಗಳ ತುಂಬ ನಲವತ್ತು ಜನ.
ಡೊಮಿನಿಕ್ ಬಂದಾಗ ಬಿದ್ದು ಬಿದ್ದು ನಕ್ಕರು,
ಮೊಣಕಾಲಿಗೆ ಶಿಳ್ಳೆ ಹೊಡೆದರು.
ಆರನೇ ನಿಮಿಷ, ಪರದೆ ಪೂರಾ ಕಪ್ಪು.
ಬಾಗ್ಲು ಹಾಕಿದೀಯಾ?
ಚಿಪ್ಸ್ ಪ್ಯಾಕೆಟ್ಟಿನ ಸದ್ದೂ ನಿಂತಿತು.
ಕೊನೇ ಬೆಂಚಿನ ಹುಡುಗನೊಬ್ಬ
ತಿರುಗಿ ಬಾಗಿಲು ನೋಡಿದ.

ಪಕ್ಕದಲ್ಲಿದ್ದ ಅಮ್ಮ ನನ್ನ ಮೊಣಕೈ ಹಿಡಿದಳು.
"ಯಾರ ಮಗು ಅದು? ಪಾಪ,
ಅಷ್ಟು ಹೆದರಿಸಿ ಮಾತಾಡಿಸಬಾರ್ದಿತ್ತು ನೀವು."

ಹೇಳಲಿಲ್ಲ.
ಆಟೋದಲ್ಲಿ ಹೇಳಲಿಲ್ಲ. ಉಂಡು ಹಾಸಿಗೆ ಹಾಸುವಾಗಲೂ.

ಮೂರಕ್ಕೆ ಮತ್ತೆ ಕೇಳಿತು.
ಇಷ್ಟು ವರ್ಷದಲ್ಲಿ ಮೊದಲ ಸಲ
ಕತ್ತಲಿಗೆ ಉತ್ತರ ಕೊಟ್ಟೆ: "ಹಾಕಿದೀನಿ, ಮಲ್ಕೋ."

ಫ್ಯಾನಿನ ಒಂದು ರೆಕ್ಕೆ ಮಾತ್ರ ಕಟಕಟ ಅನ್ನುತ್ತಿತ್ತು.
ಸದ್ಯ, ಮುಗಿಯಿತು ಅಂದುಕೊಂಡು ಮಗ್ಗುಲಾದೆ.
ಆಗ ಆ ಮಗು, ಇನ್ನೂ ಸಣ್ಣಗೆ,

ಒಳಗಿಂದಾನಾ,
ಹೊರಗಿಂದಾನಾ?