ಎರಡು ದೋಣಿಯ ಮೇಲೆ ಕಾಲಿಟ್ಟವಳು

ಎರಡು ದೋಣಿಯ ಮೇಲೆ ಕಾಲಿಟ್ಟವರು ಮುಳುಗುತ್ತಾರಂತೆ.
ಇವಳು ಹುಟ್ಟಿದ್ದೇ ಹಾಗೆ ಕಾಲಿಟ್ಟುಕೊಂಡು.
ಮೂವತ್ತೊಂದು ವರ್ಷವಾಯಿತು,
ಮುಳುಗುವುದಕ್ಕೆ ಪುರುಸೊತ್ತಾಗಿಲ್ಲ.

ಬಲಗಾಲಿನ ಒಡಲಲ್ಲಿ ಎಲ್ಪಿಡಿಯೊ,
ಎಡಗಾಲಿನದರಲ್ಲಿ ನಾನು.
ನಡುವೆ ಮೂರು ಮಾರು ಅಗಲದ ಸಮುದ್ರ,
ಇಬ್ಬರಿಗೂ ಸೇರದೆ ಓಡುವಂಥದ್ದು.
ಮೇಲೆ ಮುನ್ನೂರು ಜನ, ಟೀವಿ, ಶೇಂಗಾ ಪೊಟ್ಟಣ,
ವಾಂತಿಯ ಚೀಲ ಹಂಚುತ್ತ ತಾನೂ ಬಿಳಿಚಿಕೊಳ್ಳುವ ಫ್ಲೋರ್ಡೆಲಿಸಾ.
ಕೆಳಗೆ ನಲವತ್ತೆಂಟು ಡಿಗ್ರಿ.
ಕಿವಿಗೆ ಬಿರಡೆ, ಬಿರಡೆಯ ಮೇಲೆ ಚಿಪ್ಪು.
ಅವನ ಎಂಜಿನ್ ಕೆಮ್ಮಿದರೆ
ಮೊದಲು ನನ್ನ ಅಂಗಾಲಿಗೆ ಗೊತ್ತಾಗುತ್ತದೆ.

ಐದೂಮುಕ್ಕಾಲಿಗೆ ಸೆಬು ಬಿಟ್ಟರೆ ಓರ್ಮೊಕ್,
ತಿರುಗಿ ಸೆಬು, ತಿರುಗಿ ಓರ್ಮೊಕ್.
ಇವಳಿಗೆ ಹುಟ್ಟಿಲ್ಲ, ಹಾಯಿಯಿಲ್ಲ,
ಬೆನ್ನ ಹಿಂದೆ ತಿರುಗುವ ಪಂಖವೂ ಇಲ್ಲ.
ನೀರು ಕುಡಿದು ನೀರು ಉಗುಳಿ ಓಡುವವಳು.
ನೀರಿನ ಜೊತೆ ಏನೇನೋ ನುಂಗುತ್ತಾಳೆ:
ತೆಂಗಿನ ಸಿಪ್ಪೆ, ಹರಿದ ಅಕ್ಕಿಚೀಲ,
ಒಮ್ಮೆ ಯಾವುದೋ ಮಗುವಿನ ಎಡಗಾಲ ಚಪ್ಪಲಿ.
ಆಗ ನಡುನೀರಲ್ಲಿ ನಿಲ್ಲಬೇಕು,
ಬಾಲ್ಡೊ ಚೂರಿ ಕಚ್ಚಿಕೊಂಡು ಧುಮುಕಬೇಕು,
ಅವನ ತಲೆ ಮತ್ತೆ ಕಾಣುವವರೆಗೆ
ಮುದುಕಿಯರು ಶಿಲುಬೆ ಬರೆದುಕೊಳ್ಳಬೇಕು.
ಗಡಿಯಾರ ನೋಡಿ ಬೈಯುವವರು ಬೈಯುತ್ತಲೇ ಇರುತ್ತಾರೆ.
ಟಿಕೆಟ್ಟಿನ ಮೇಲೆ ‘ವೇಗ’ ಅಂತ ಅಚ್ಚಾಗಿದೆಯಲ್ಲ.

ಪ್ರಾಯದಲ್ಲಿ ಮೂವತ್ತೈದು ಗಂಟು ಓಡುತ್ತಿದ್ದಳಂತೆ.
ಈಗ ಇಪ್ಪತ್ತಾರು,
ಅದೂ ಕ್ಯಾಪ್ಟನ್ ಅಬೆಲ್ಯಾನಾ ಪುಸಲಾಯಿಸಿದರೆ.
ಅದು ಬೇರೆ ಸಮುದ್ರ, ನಡುಮಧ್ಯಾಹ್ನಕ್ಕೇ ಕತ್ತಲಾಗುವ ಬಡಗಣ ದೇಶ.
ಶಾಲೆಯ ಮಕ್ಕಳು, ಅಂಚೆಯ ಮೂಟೆ, ಹಾಲಿನ ಕ್ಯಾನು.
ನನಗೇನು ಗೊತ್ತು, ಹೇಳಿದವರು ಹೇಳಿದ್ದು.
ಗೊತ್ತಿರುವುದು ಇಷ್ಟು: ಪ್ರತಿ ಸೀಟಿನ ಬೆನ್ನಿಗೆ
ನಮ್ಮಲ್ಲಿ ಯಾರಿಗೂ ಬಾರದ ಭಾಷೆಯ ಫಲಕ.
‘ಬಾಗಿಲು ಹಾಕಿ, ಚಳಿ’ ಅಂತಿರಬೇಕೆಂದು
ನಾವೇ ತೀರ್ಮಾನ ಮಾಡಿಕೊಂಡಿದ್ದೇವೆ.
ಕಿಟಕಿಯ ಕೆಳಗೆ ಬಿಸಿಗಾಳಿಯ ಗುಂಡಿ.
ದಿನಾ ಯಾರೋ ಒಬ್ಬ ಹುಡುಗ ತಿರುಗಿಸಿ ಕಾಯುತ್ತಾನೆ.
ಗೋಡೆಯ ತಗಡು ಬಿಚ್ಚಿದಾಗ ಸಿಕ್ಕಿತ್ತು
ಉಣ್ಣೆಯ ಒಂಟಿ ಕೈಗವಸು, ಹೆಬ್ಬೆರಳು ತೂತು.
ಎಣ್ಣೆಯ ಬಿಸಿಮುಚ್ಚಳ ತೆಗೆಯಲು
ಈಗ ಅದೇ ಎಲ್ಪಿಡಿಯೊನ ಬಲಗೈ.

ಹೋದ ಜುಲೈನಲ್ಲಿ, ಕಾಮೋಟೆಸ್ ದ್ವೀಪಗಳ ಹತ್ತಿರ,
ನನ್ನ ಅಂಗಾಲು ತಣ್ಣಗಾಯಿತು.
ಅವನ ಕಡೆ ಸದ್ದಿಲ್ಲ.
ನನ್ನ ಎಂಜಿನ್ನಿನ ಅಬ್ಬರವನ್ನೂ ಎರಡು ಬಿರಡೆಯನ್ನೂ ದಾಟಿ
ಆ ಮೌನ ಬಂದು ಪಕ್ಕದಲ್ಲಿ ನಿಂತಿತು.
ಒಂಟಿಗಾಲಿನಲ್ಲಿ ಓರೆಯಾಗಿ ಹೊರಟಳು ಇವಳು.
ಹೊಗೆಯೋ, ಬೆಂಕಿಯೋ. ಬಿಟ್ಟು ಹೋಗುವಂತಿಲ್ಲ,
ನನ್ನದೂ ನಿಂತರೆ ಎಲ್ಲರೂ ನೀರಿನ ಪಾಲು.
ಗೋಡೆಯ ಫೋನಿನಲ್ಲಿ ಕೊನೆಗೆ ಅವನ ತಾಯಿಬೈಗುಳ ಕೇಳಿತು,
ಇಂಧನದ ಪೈಪಿಗೆ.
ಅಷ್ಟು ಸಿಹಿಯಾದ ಮಾತು ನನ್ನ ಹೆಂಡತಿಯೂ ಆಡಿಲ್ಲ.

ವರ್ಷಕ್ಕೊಮ್ಮೆ ಇವಳನ್ನು ದಡಕ್ಕೆ ಎತ್ತುತ್ತಾರೆ.
ಎರಡು ಕಾಲಿನ ನಡುವೆ, ಸಮುದ್ರ ಓಡುತ್ತಿದ್ದ ಕಡೆ,
ನೆರಳು. ಅಲ್ಲಿ ನಾವು ಕೂತು ಉಣ್ಣುತ್ತೇವೆ,
ಅನ್ನ, ಒಣಮೀನು, ಮೆಣಸು ಹಾಕಿದ ಹುಳಿ.
ಅವನ ಕಿವಿಯ ಮೇಲಿನ ಕೂದಲು ಪೂರಾ ಬೆಳ್ಳಗಾಗಿದೆ.
ಯಾವಾಗ?

ಈ ಸಲ ಹಿಂಬದಿಯ ಬಣ್ಣ ಕೆರೆದಾಗ
‘ಟಾಮ್ಸಿ’ಯ ಕೆಳಗಿಂದ ಬೆಸುಗೆಯ ಅಕ್ಷರ ಎದ್ದವು: ಸ್ಕಾರ್ವ್.
ಪೇಂಟಿನ ಹುಡುಗ ಫೋನಿನಲ್ಲಿ ಹುಡುಕಿ ಹೇಳಿದ, ನೀರುಕಾಗೆಯಂತೆ.
ಟಾಮ್ಸಿ ಅಂದರೆ ಸೂರಕ್ಕಿ, ನಮ್ಮೂರ ಮಕ್ಕಳಿಗೂ ಗೊತ್ತು.
ಚಳಿಯಲ್ಲಿ ಮೀನಿಗೆ ಮುಳುಗುತ್ತಿದ್ದ ಕರಿಹಕ್ಕಿ
ಇಲ್ಲಿ ಹೂವಿಗೆ ಕೊಕ್ಕಿಡಲು ಕಲಿಯಿತು, ಬೇರೆ ದಾರಿಯಿರಲಿಲ್ಲ.

‘ಉಜ್ಜಿ ತೆಗೆದುಬಿಡಲಾ?’ ಅಂದ ಹುಡುಗ.
ಎಲ್ಪಿಡಿಯೊ ಎದ್ದ, ಬೆರಳ ಗೆಣ್ಣಿನಿಂದ ತಟ್ಟಿದ,
ಕಿವಿಗೊಟ್ಟು ಕೇಳಿದ, ಇನ್ನೊಮ್ಮೆ ತಟ್ಟಿದ.
‘ಬೇಡ. ತಗಡು ತೆಳ್ಳಗಾಗಿದೆ.
ಮೇಲೇ ಬಣ್ಣ ಬಳಿ.’
ಬಂದು ಕೂತ. ಕೈಗವಸಿನಲ್ಲಿ ಬಿಸಿ ಪಾತ್ರೆ ಹಿಡಿದು
ಉಳಿದ ಅನ್ನವನ್ನು ನನ್ನ ಕಡೆ ತಳ್ಳಿದ.